ಬಾಗಿಲು ಹಾಕುವ ಮೊದಲು ನನ್ನ ಹಗ್ಗ ಕೊಡಿ

ತುವೇಲು ಕಣಿವೆಯ ಗಾಳಿ ನಿಯಂತ್ರಣ ಕಚೇರಿಯ ಮೇಲಧಿಕಾರಿಗಳಿಗೆ,

ಮಾನ್ಯರೇ, ತಮ್ಮ ಕಚೇರಿಯ ಕೃಪೆಯಿಂದ ನನ್ನ ಗಂಡ ನನ್ನನ್ನು ಅಜ್ಜಿ ಎಂದು ಕರೆಯುತ್ತಿದ್ದಾನೆ. ಬೈಗುಳವಲ್ಲ, ಮರ್ಯಾದೆಯಿಂದಲೇ ಕರೆಯುತ್ತಾನೆ. ಅದೇ ನನ್ನ ದೂರು.

ತಾವು ರಾಜಧಾನಿಯವರು, ಹಿಂಗಾಳಿಯನ್ನು ಗಾಜಿನ ಕಿಟಕಿಯ ಒಳಗಿನಿಂದಷ್ಟೇ ಕಂಡವರು. ಆದ್ದರಿಂದ ಹೇಳುತ್ತೇನೆ, ಬೇಸರಿಸಬೇಡಿ. ಘಟ್ಟದ ಕಂಡಿಯಿಂದ ಅದು ಇಳಿಯಿತೆಂದರೆ ಮೊಸರು ಹಾಲಾಗುತ್ತದೆ, ರೊಟ್ಟಿ ಹಿಟ್ಟಾಗುತ್ತದೆ, ಹೊರಗೆ ಸಿಕ್ಕವರ ವಯಸ್ಸು ಹಿಂದಕ್ಕೆ ಹೋಗುತ್ತದೆ. ವಯಸ್ಸು ಹೋದಷ್ಟೂ ನೆನಪೂ ಹೋಗುತ್ತದೆ. ಇಲ್ಲದಿದ್ದರೆ ನಮ್ಮಲ್ಲಿ ಮುದುಕರಾಗಲು ಯಾರು ತಾನೇ ಒಪ್ಪುತ್ತಿದ್ದರು? ಕೊಂಬು ಊದಿದ ಕೂಡಲೇ ಬಾಗಿಲಿಗೆ ಒದ್ದೆ ಕಂಬಳಿ ಇಳಿಬಿಟ್ಟು, ಮದುವೆಯ ದಿನ ಎರಡೂ ಮನೆಯವರು ಕೂತು ಹೊಸೆದ ಆಡುಗೂದಲಿನ ಹಗ್ಗವನ್ನು ಗಂಡ ಹೆಂಡತಿ ಸೊಂಟಕ್ಕೆ ಬಿಗಿದುಕೊಂಡು ಕೂರುವುದು ಇಲ್ಲಿನ ಪದ್ಧತಿ. ಗಾಳಿ ಬಂದಾಗ ಮನುಷ್ಯರ ಬುದ್ಧಿ ನೆಟ್ಟಗಿರುವುದಿಲ್ಲ. ಕೋಳಿ ಮೊಟ್ಟೆಯಾದೀತೆಂದು ಒಬ್ಬರು ಹೊರಗೆ ಓಡಲು ನೋಡುತ್ತಾರೆ, ಇನ್ನೊಬ್ಬರು ಹಗ್ಗ ಜಗ್ಗಿ ಕೂರಿಸುತ್ತಾರೆ. ಜಗ್ಗಿದರೂ ನಿಲ್ಲದಿದ್ದರೆ ಇಬ್ಬರೂ ಒಟ್ಟಿಗೇ ಎಳೆಯರಾಗುತ್ತಾರೆ. ಇದ್ದರೆ ಇಬ್ಬರೂ, ಹೋದರೆ ಇಬ್ಬರೂ ಎಂದು ಹಿರಿಯರು ಹೇಳುವುದು ಇದಕ್ಕೇ.

ತಮಗೆ ಈ ಹಗ್ಗದಲ್ಲಿ ಕಂಡದ್ದು ಮೂಢನಂಬಿಕೆ. 'ನಾಗರಿಕರ ಮುಕ್ತ ಸಂಚಾರಕ್ಕೆ ಅಡ್ಡಿ' ಎಂದು ಡಂಗುರ ಹೊಡೆಸಿ, ಮನೆಮನೆಯಿಂದ ಹಗ್ಗ ಕಿತ್ತು ತಂದು ಉಗ್ರಾಣಕ್ಕೆ ತುಂಬಿಸಿದಿರಿ. ಅಭಿನಂದನೆಗಳು. ಹೋದ ಹಿಂಗಾಳಿಗೆ ನನ್ನ ಗಂಡ ಓಸ್ಕಿರ ಬಹಳ ಮುಕ್ತವಾಗಿ ಸಂಚರಿಸಿದ.

ಮದುವೆಯ ವರ್ಷ ನಾನು ಹಾಕಿದ ಗರ್ವಿಕಾಯಿ ಉಪ್ಪಿನಕಾಯಿಯ ಜಾಡಿ ಅಂದು ಅಂಗಳದಲ್ಲಿ ಬಿಸಿಲಿಗಿತ್ತು. ಕಣಿವೆಯವರು ಏನನ್ನಾದರೂ ಸಹಿಸಿಯಾರು, ಹಳೆಯ ಉಪ್ಪಿನಕಾಯಿ ಮರಳಿ ಹಸಿಕಾಯಿ ಆಗುವುದನ್ನು ಮಾತ್ರ ಸಹಿಸುವುದಿಲ್ಲ.

"ಜಾಡಿ ಹೊರಗೇ ಐತಲ್ಲೇ!" ಅಂದ.

"ಹಾಳಾಗ್ಲಿ, ಕೂತ್ಕೊ. ಇನ್ನೊಂದು ಹಾಕ್ತೀನಿ."

"ನೀನೇನೋ ಹಾಕ್ತೀಯ. ಅದು ಹಣ್ಣಾಗೋಗಂಟ ನಲವತ್ತು ವರ್ಷ ಯಾರು ಕಾಯ್ತಾರೆ?" ಎಂದು ನಗುತ್ತಲೇ ಇನ್ನೊಂದು ಒದ್ದೆ ಕಂಬಳಿ ಎತ್ತಿಕೊಂಡು ಬಾಗಿಲಿನದನ್ನು ಸರಿಸಿದ. ಜಗ್ಗಲೆಂದು ನನ್ನ ಕೈ ಸೊಂಟಕ್ಕೆ ಹೋಯಿತು. ಹಗ್ಗ ತಮ್ಮ ಉಗ್ರಾಣದಲ್ಲಿತ್ತು.

ಗಾಳಿ ನಿಂತ ಮೇಲೆ ಜಾಡಿಯನ್ನು ಆ ಕಂಬಳಿಯಲ್ಲಿ ಸುತ್ತಿ ಅವುಚಿಕೊಂಡು ಇಪ್ಪತ್ತರ ಆಸುಪಾಸಿನ ಒಬ್ಬ ಹುಡುಗ ಒಳಗೆ ಬಂದ. ತಲೆತುಂಬ ಕಪ್ಪು ಗುಂಗುರು ಕೂದಲು. "ಅಜ್ಜಿ, ಇದು ಯಾರ ಮನೆ? ನಮ್ಮವ್ವ ಎಲ್ಲಿ?" ಎಂದು ಕೇಳಿದ. ಅವರವ್ವನನ್ನು ನಾವಿಬ್ಬರೂ ಸೇರಿ ಮಣ್ಣು ಮಾಡಿ ಎಷ್ಟೋ ಕಾಲವಾಗಿದೆ. ಅದನ್ನು ನಾನೇ ಮತ್ತೊಮ್ಮೆ ಹೇಳಬೇಕಾಯಿತು. ಅವನು ಬಿಕ್ಕಿಬಿಕ್ಕಿ ಅತ್ತ. ಹೆಂಡತಿಯಾಗಿ ತಬ್ಬಿಕೊಳ್ಳುವ ಹಾಗಿರಲಿಲ್ಲ, ಅಜ್ಜಿಯಾಗಿ ತಲೆ ಸವರಿದೆ.

ದೂರು ಕೊಡಲು ಬಂದರೆ ತಮ್ಮ ಗುಮಾಸ್ತರು ಏನೆಂದರು ಗೊತ್ತೇ? "ಗಂಡ ಬದುಕಿದಾನೆ, ಆರೋಗ್ಯಾನೂ ಸುಧಾರಿಸೈತೆ. ನಿಮಗೆ ನಷ್ಟ ಏನಾಯ್ತಮ್ಮ?" ಪಕ್ಕದ ಮನೆಯ ಬುತುಮಿಯದೂ ಅದೇ ರಾಗ: "ಪುಣ್ಯ ಮಾಡಿದ್ದೀಯ ಕಣೇ ನಿರೆಜ. ನಮ್ಮ ಮುದುಕಪ್ಪನ್ನ ಎಷ್ಟು ಸಲ ಹೊರಗೆ ತಳ್ಳಕ್ಕೆ ನೋಡಿದೀನಿ, ಬಾಗಿಲ ಒಳಗಡೇನೇ ಗೊರಕೆ ಹೊಡೀತಾ ಕೂತಿರ್ತಾನೆ." ಇಷ್ಟು ವರ್ಷ ಒಂದು ಚಿಟಿಕೆ ಉಪ್ಪು ಕೊಡದ ಆ ಮನೆಯಿಂದ ಈಗ ದಿನವೂ ಬಿಸಿ ರೊಟ್ಟಿ ಬರುತ್ತಿದೆ. ತರುವವಳು ಬುತುಮಿಯ ಮೊಮ್ಮಗಳು. ನನ್ನ ಮೇಲಿನ ಪ್ರೀತಿಯಿಂದ ತರುತ್ತಾಳೆಂದು ನಂಬುವಷ್ಟು ಎಳೆತನ ನನಗಿನ್ನೂ ಬಂದಿಲ್ಲ.

ಹಗ್ಗ ಕಿತ್ತ ದಿನವೇ, ಪರಿಶೀಲನೆ ಮುಗಿದ ಮೇಲೆ ಹಿಂತಿರುಗಿಸುವುದಾಗಿ ತಾವು ಚಾವಡಿಯಲ್ಲಿ ನಿಂತು ಮಾತು ಕೊಟ್ಟಿದ್ದಿರಿ. ಈಗ ನೆನಪಿಲ್ಲ ಎನ್ನುತ್ತೀರಿ. ಅಂದು ನರೆತಿದ್ದ ತಮ್ಮ ಮೀಸೆ ಇಂದು ಕಾಡಿಗೆಯಷ್ಟು ಕಪ್ಪಗಿದೆ. ಕಿಟಕಿಯಿಂದ ಮೂಗಿನವರೆಗೆ ಮಾತ್ರ ಹೊರಗೆ ಚಾಚಿದ್ದಿರೋ, ಅಥವಾ ಅಧಿಕಾರಿಗಳಿಗೆ ಮರೆಯಲು ಗಾಳಿಯ ಅಗತ್ಯವೇ ಇಲ್ಲವೋ?

ಮೊನ್ನೆ ಊಟಕ್ಕೆ ಆ ಜಾಡಿಯ ಒಂದು ಹೋಳು ಬಡಿಸಿದೆ. ನೆಕ್ಕಿ, ಮುಖ ಕಿವುಚಿ ಕೇಳಿದ: "ಯಾರು ಹಾಕಿದ್ದು ಅಜ್ಜಿ? ಉಪ್ಪು ಸುರಿದ್ಬಿಟ್ಟವ್ರೆ." ನಮ್ಮಪ್ಪನ ಮನೆಗೆ ಅವನು ಮೊದಲ ಸಲ ಬಂದಾಗ ನನ್ನ ಕೈಯ ಉಪ್ಪಿನಕಾಯಿಗೆ ಇದೇ ಮಾತು ಅಂದಿದ್ದ. "ಹಂಗಾದ್ರೆ ನೀನೇ ಹಾಕ್ಕೊ ಹೋಗು" ಎಂದು ನಾನು ತಟ್ಟೆ ಕಿತ್ತುಕೊಂಡಿದ್ದೆ. ನಮ್ಮ ಸಂಸಾರ ಶುರುವಾದದ್ದೇ ಅಲ್ಲಿಂದ. ಮೊನ್ನೆಯೂ ಅದೇ ಮಾತು ನಾಲಿಗೆಯ ತುದಿಗೆ ಬಂತು, ನುಂಗಿಕೊಂಡೆ. ಈ ಸುಕ್ಕು ಮುಖದಿಂದ ಹೇಳಿದರೆ ಅವನಿಗೆ ಅದು ಬರೀ ಗದರಿಕೆಯಾಗಿ ಕೇಳುತ್ತದೆ. ಆ ರಾತ್ರಿ ನಾನೂ ಅತ್ತೆ, ಸ್ವಾಮಿ. ನನ್ನ ಗಂಡ ನನಗೆ ಬೇಕು.

ಘಟ್ಟದ ಕಂಡಿಗೆ ಕಬ್ಬಿಣದ ಬಾಗಿಲು ಸಿದ್ಧವಾಗಿದೆಯಂತೆ, ಇನ್ನು ಮೇಲೆ ಹಿಂಗಾಳಿಯೇ ಇಲ್ಲವಂತೆ. ಹಾಕಿ, ಬೇಡವೆನ್ನುವುದಿಲ್ಲ. ಆದರೆ ಇನ್ನೊಂದೇ ಒಂದು ಗಾಳಿ ಬಂದುಹೋಗಲಿ, ಅದಕ್ಕೂ ಮೊದಲು ನನ್ನ ಹಗ್ಗ ಮನೆಗೆ ಬರಲಿ. ನಾನು ಗಾಳಿಗೆ ಅಂಗಳಕ್ಕಿಳಿಯುತ್ತೇನೆ: ಒಂದು ತುದಿ ನನ್ನ ಸೊಂಟಕ್ಕೆ, ಇನ್ನೊಂದು ಕಂಬಳಿಯ ಹಿಂದೆ ಅವನ ಕೈಗೆ. ಹಗ್ಗವಿಲ್ಲದೆ ಹೋದರೆ ತೊಟ್ಟಿಲ ಕೂಸಾಗಿ ಹಿಂತಿರುಗಿಯೇನು. ಆಗ ತಮ್ಮ ಗುಮಾಸ್ತರೇ ಬಂದು ಜೋಗುಳ ಹಾಡಬೇಕಾದೀತು. ಹುಡುಗ ಒಪ್ಪಿದ್ದಾನೆ, ಒಳ್ಳೆಯವನು.

"ಯಾವಾಗ ಎಳೀಲಿ ಅಜ್ಜಿ?" ಎಂದು ಕೇಳಿದ.

"ಕಂಬಳಿ ಸಂದೀಲಿ ನೋಡ್ತಾ ಇರು. ಇವಳ ಜೊತೆ ಜಗಳ ಆಡಿದ್ರೆ ಚೆನ್ನಾಗಿರ್ತದೆ ಅನ್ನಿಸಿದ ಕೂಡ್ಲೆ ಎಳ್ಕೊ" ಎಂದೆ.

ಎಳೆದುಕೊಂಡ ಮೇಲೆ ಅವನು ಯಾರೆಂದು ನನಗೂ ತಿಳಿದಿರುವುದಿಲ್ಲ. ನಮಗೆ ಮಕ್ಕಳಿಲ್ಲ; ಇದ್ದದ್ದು ಒಟ್ಟಿಗೆ ಕಳೆದ ವರ್ಷಗಳು ಮಾತ್ರ, ಅವೂ ಹೋಗುತ್ತವೆ. ಭಯವಿಲ್ಲವೆಂದರೆ ಸುಳ್ಳಾದೀತು. ಅವನು ಬುತುಮಿಯ ಮನೆಯ ರೊಟ್ಟಿಯನ್ನೇ ಮೆಚ್ಚಿದರೂ ಮೆಚ್ಚಬಹುದು. ಮೆಚ್ಚಲಿ, ಆದರೆ ನನ್ನನ್ನೂ ಅದೇ ವಯಸ್ಸಿನಲ್ಲಿ ಒಮ್ಮೆ ನೋಡಿ ಮೆಚ್ಚಲಿ. ಜಾಡಿಯನ್ನು ಈಗಾಗಲೇ ಒಳಗೆ, ಅವನ ತಟ್ಟೆಯ ಪಕ್ಕದಲ್ಲೇ ಇಟ್ಟಿದ್ದೇನೆ.

ಉತ್ತರವನ್ನು ಗಾಳಿ ಬರುವ ಮೊದಲೇ ಕಳುಹಿಸಿ. ಹಗ್ಗ ಮಾತ್ರ ಕಳುಹಿಸಿ ಉತ್ತರ ತಡಮಾಡಿದಿರೋ, ತಮ್ಮ ಜವಾನನನ್ನು ಹೊಸ್ತಿಲಾಚೆಯೇ ನಿಲ್ಲಿಸಿ, "ಯಾವ ಗಂಡ? ನನಗಿನ್ನೂ ಮದುವೇನೇ ಆಗಿಲ್ಲ, ಹೋಗಯ್ಯ" ಎಂದು ಬೈದು ಅಟ್ಟುತ್ತೇನೆ.

ಇಂತಿ,
ಸದ್ಯಕ್ಕೆ ಓಸ್ಕಿರನ ಹೆಂಡತಿ,
ನಿರೆಜ