ಹಾಡಿನೊಳಗಿನ ಹದಿನಾಲ್ಕು ಏಟು

ಅಣ್ಣಾ,

ನಮ್ಮ ಮುದುಕ ರಾಕ್ ಗಾಯಕನ ಹಿಟ್ ಹಾಡುಗಳೆಲ್ಲ ಈಗ ಲಾಸ್‌ಲೆಸ್ ಆಡಿಯೋದಲ್ಲಿ ಒಟ್ಟಿಗೆ ಬಂದಿವೆ. ಸ್ಟುಡಿಯೋದಲ್ಲಿ ಹಾಡಿದ್ದು ಒಂದು ಚೂರೂ ಕಳೆದುಹೋಗಿಲ್ಲವಂತೆ. ಇವತ್ತು ಹೆಡ್‌ಫೋನು ಹಾಕಿಕೊಂಡು ಕೂತೆ. ಅವನು ಉಸಿರೆಳೆಯುವುದೂ ಕೇಳಿಸಿತು. ನನ್ನ ತಲೆ ಬೋಳಾದರೂ ತಾಳ ಹಾಳಾಗಿಲ್ಲ. ಕಾಲು ಕುಣಿಯುತ್ತಲೇ ಇತ್ತು.

ಐದನೆಯ ಹಾಡಿನ ಎರಡನೆಯ ಚರಣ ಬರುತ್ತಲೇ ತೋಳೆತ್ತಿ ಮುಖ ಮುಚ್ಚಿಕೊಂಡೆ.

"ಏನ್ರೀ, ಹಾಡು ಕೇಳ್ತಿದ್ದೀರೋ, ಏಟು ತಪ್ಪಿಸ್ಕೋತಿದ್ದೀರೋ?" ಎಂದು ಹೆಂಡತಿ ನಕ್ಕಳು.

ನಮ್ಮ ಕ್ಯಾಸೆಟ್ಟಿನಲ್ಲಿ ಅಪ್ಪ ಬರುವುದು ಅಲ್ಲೇ ಅಲ್ಲವೇ? ರೇಡಿಯೋ ಮುಂದೆ ಟೇಪ್‌ರೆಕಾರ್ಡರ್ ಇಟ್ಟು, ಉಸಿರು ಬಿಗಿಹಿಡಿದು ರೆಕಾರ್ಡ್ ಮಾಡುತ್ತಿದ್ದೆವು. ಬಾಗಿಲು ದಢಾರೆಂದಿತು.

"ಯಾವನೋ ನನ್ನ ಕನ್ನಡಕ ತುಳಿದೋನು?"

"ಅಣ್ಣ," ಎಂದೆ ನಾನು.

ಆಮೇಲೆ ಬೆಲ್ಟು. ಹದಿನಾಲ್ಕು ಏಟು, ನಡುವೆ ನಿನ್ನ ತಲೆ ಗೋಡೆಗೆ ಬಡಿದ ಸದ್ದು. ಕನ್ನಡಕ ನನ್ನ ಕಾಲಡಿ ಪುಡಿಯಾದದ್ದನ್ನು ನೀನು ನೋಡಿದ್ದೆ, ಆದರೂ ಬಾಯಿ ಬಿಡಲಿಲ್ಲ. ನಾನೂ ನಿಜ ಹೇಳಲಿಲ್ಲ, ಟೇಪನ್ನೂ ನಿಲ್ಲಿಸಲಿಲ್ಲ. ಆ ವಾರವೇ ನೀನು ಮನೆ ಬಿಟ್ಟೆ, ವಿಳಾಸ ಕೊಡದೆ.

ಆ ಕ್ಯಾಸೆಟ್ಟನ್ನು ಸವೆಯುವವರೆಗೂ ಕೇಳಿದವನು ನಾನು. ನನಗೆ ಆ ಹಾಡೆಂದರೆ ಬೆಲ್ಟೂ ಸೇರಿಯೇ ಹಾಡು. ಇವತ್ತು ಆ ಜಾಗದಲ್ಲಿ ಏಟು ಬೀಳಲಿಲ್ಲ.

ಅಲ್ಲಿ ಒಂದು ಗಿಟಾರು ಇದೆ ಅಣ್ಣಾ, ತುಂಬ ಮೆತ್ತಗೆ. ನಾನು ಅಪ್ಪನಿಗೆ ಉತ್ತರ ಕೊಟ್ಟ ಕಡೆಯಲ್ಲೇ ಶುರುವಾಗುತ್ತದೆ. ಅವತ್ತು ಅದು ನಿನಗೆ ಕೇಳಿಸಿತ್ತಾ?