ಸ್ಪಗೆಟ್ಟಿ ಮುರಿಯಬಾರದು

ಹಿಕ್ಸ್‌ವಿಲ್
ಅಕ್ಟೋಬರ್ ಕೊನೆ

ಪ್ರೀತಿಯ ಮಾರಿಸೆಲ್,

ಸೊಸೆಗೆ ಬರೆಯುವ ಕಾಗದವನ್ನು 'ಚಿರಂಜೀವಿ ಸೌಭಾಗ್ಯವತಿ' ಎಂದು ಶುರುಮಾಡುವುದು ನಮ್ಮ ಕಡೆಯ ರೂಢಿ. ಅಭ್ಯಾಸಬಲದಿಂದ ಕೈ 'ಚಿ' ಎಂದು ಬರೆದೂಬಿಟ್ಟಿತು. ಹೊಡೆದುಹಾಕಲು ಮನಸ್ಸಾಗದೆ ಆ ಹಾಳೆಯನ್ನೇ ಮಡಿಸಿಟ್ಟು ಬೇರೆ ಹಾಳೆ ತೆಗೆದುಕೊಂಡೆ. ಕನ್ನಡದಲ್ಲಿ ಬರೆಯುತ್ತಿದ್ದೇನೆ, ಬೇಸರ ಮಾಡಿಕೊಳ್ಳಬೇಡ. ನಿನಗೆ ಬರುತ್ತಿದ್ದ ಕನ್ನಡವೆಂದರೆ 'ಸಾಕು', 'ಬೇಡ', 'ಊಟ ಆಯ್ತಾ', ಅಷ್ಟೇ. ನನ್ನ ಇಂಗ್ಲಿಷೋ, ಇಷ್ಟು ವರ್ಷ ಈ ದೇಶದ ಲ್ಯಾಬಿನಲ್ಲಿ ದುಡಿದರೂ ಅಳು ಬಂದಾಗ ಕೈಕೊಡುತ್ತದೆ. ನೀನೀಗ ಇರುವಲ್ಲಿ ಓದಿ ಹೇಳುವವರು ಯಾರಾದರೂ ಸಿಗುತ್ತಾರೆ. ನಮ್ಮ ಅತ್ತೆಯವರೇ ಸಿಕ್ಕರೂ ಸಿಕ್ಕಾರು. ಅವರ ಮುಂದೆ ಮಾತ್ರ ಸಾಸೇಜಿನ ವಿಷಯ ಎತ್ತಬೇಡ.

ಒಂದು ಸಂಗತಿಯನ್ನು ಹೊಟ್ಟೆಯಲ್ಲಿಟ್ಟುಕೊಂಡು ತಿರುಗುತ್ತಿದ್ದೇನೆ. ನಿನ್ನ ಮಿಹಿರನಿಗೆ ಹೇಳುವ ಹಾಗಿಲ್ಲ, ಹೇಳಿದರೆ ಅವನು ಎದ್ದು ನಿಲ್ಲಲಾರ. ನಿನ್ನ ಮಾವನಿಗೆ ಹೇಳಿದೆ, ಆದರೂ ಭಾರ ಇಳಿಯಲಿಲ್ಲ. ನಿನ್ನ ಮಗಳು ಕಿಯಾರಾಳ ವಿಷಯ ಇದು. ಕೇಳಬೇಕಾದವಳು ನೀನು.

ಮದುವೆಯಾದ ಹೊಸತರಲ್ಲಿ ಮಿಹಿರನ ಹುಟ್ಟುಹಬ್ಬಕ್ಕೆ ನಮ್ಮ ಅಡುಗೆಮನೆಯಲ್ಲಿ ನಿಮ್ಮ ಫಿಲಿಪೀನೊ ರೀತಿಯ ಸ್ಪಗೆಟ್ಟಿ ಮಾಡಲು ನಿಂತೆಯಲ್ಲ, ಆ ದಿನ ನೆನಪಿದೆಯಾ? ಬಾಳೆಹಣ್ಣಿನ ಕೆಚಪ್ಪಿನ ಬಾಟಲಿ, ಬ್ರೌನ್ ಶುಗರ್, ಕಂಡೆನ್ಸ್‌ಡ್ ಮಿಲ್ಕ್, ತುರಿದ ಚೀಸ್ ಎಲ್ಲವನ್ನೂ ನೀನು ಸಾಲಾಗಿ ಜೋಡಿಸಿಟ್ಟದ್ದನ್ನು ನೋಡಿ ನಾನು ಮನಸ್ಸಿನಲ್ಲೇ ಹಣೆ ಚಚ್ಚಿಕೊಂಡೆ. ನಮಗೆಂದು ನೀನು ಮಾಂಸದ ಸಾಸೇಜ್ ಬಿಟ್ಟು ಕ್ಯಾರೆಟ್ ಬಿಲ್ಲೆ ಹಾಕಿ ಬೇರೆ ಪಾತ್ರೆಯಲ್ಲಿ ಮಾಡಿದೆ. ಪಾತ್ರೆ ಚಿಕ್ಕದು, ಸ್ಪಗೆಟ್ಟಿ ಉದ್ದ. ಸಹಾಯ ಮಾಡೋಣವೆಂದು ನಾನು ಒಂದು ಹಿಡಿ ತೆಗೆದುಕೊಂಡು ಶಾವಿಗೆ ಮುರಿಯುವ ಹಾಗೆ ಮುರಿಯಲು ಹೋದೆ. ನೀನು ಓಡಿಬಂದು ನನ್ನ ಎರಡೂ ಕೈ ಹಿಡಿದುಕೊಂಡೆ. "ಮಾ, ನೋ! ನಾಟ್ ಆನ್ ಎ ಬರ್ತ್‌ಡೇ!" ಹುಟ್ಟುಹಬ್ಬದ ಎಳೆ ಎಷ್ಟು ಉದ್ದವೋ ಆಯಸ್ಸು ಅಷ್ಟು ಉದ್ದ, ಮುರಿದರೆ ಆಯಸ್ಸನ್ನೇ ಮುರಿದ ಹಾಗೆ ಎಂದೆ. ನಮ್ಮಲ್ಲಿ ಹುಟ್ಟುಹಬ್ಬಕ್ಕೆ ಶಾವಿಗೆ ಪಾಯಸ, ಅದಕ್ಕೆ ಶಾವಿಗೆ ಮುರಿದೇ ಹಾಕುವುದು ಎಂದು ನಾನು ಹೇಳಿದಾಗ ನೀನು ಗಾಬರಿಯಿಂದ ಮಿಹಿರನ ಮುಖ ನೋಡಿದೆ. ಎಷ್ಟು ನಕ್ಕೆವು ಅಂದು!

ನಿನ್ನ ಮಾವ ಮಾತ್ರ ಮೇಜಿನ ತುದಿಯಲ್ಲಿ ಕೂತು, "ಇದು ಊಟಾನೋ ಪಾಯಸಾನೋ ಮೊದ್ಲು ತೀರ್ಮಾನ ಆಗ್ಲಿ, ಆಮೇಲೆ ನನ್ನ ತಟ್ಟೆಗೆ ಹಾಕು" ಎಂದರು. ವರ್ಷ ವರ್ಷವೂ ಅದೇ ಮಾತು. ವರ್ಷ ವರ್ಷವೂ ಅವರಿಗೆ ಮೊಸರನ್ನ. ನನಗೆ ಮಾತ್ರ ನಿನ್ನ ಸ್ಪಗೆಟ್ಟಿ ಹಿಡಿಸಿತ್ತು. ಸಿಹಿ, ಹುಳಿ, ಚೂರು ಉಪ್ಪು. ನಮ್ಮ ಅನಾನಸ್ ಗೊಜ್ಜಿಗೆ ದೂರದ ನೆಂಟ. ಇದನ್ನು ನಿನ್ನ ಹತ್ತಿರ ಯಾವತ್ತೂ ಹೇಳಲಿಲ್ಲ. ಹೇಳಿದ್ದರೆ ನೀನು ಕುಣಿದಾಡುತ್ತಿದ್ದೆ.

ಈಗ ಈ ತಿಂಗಳ ಮಾತಿಗೆ ಬರುತ್ತೇನೆ. ನೀನು ಹೋದ ಮೇಲೆ ಸ್ಕೂಲ್ ಬಸ್ಸು ಕಿಯಾರಾಳನ್ನು ನಮ್ಮ ಮನೆಗೇ ಬಿಡುತ್ತದೆ. ಮಿಹಿರ್ ಮ್ಯಾನ್‌ಹ್ಯಾಟನ್‌ನಿಂದ ಬರುವ ರೈಲಿಳಿದು ಬಂದು ಕರೆದುಕೊಂಡು ಹೋಗುತ್ತಾನೆ. ಅವಳ ಹುಟ್ಟುಹಬ್ಬಕ್ಕೆ ಇನ್ನೊಂದು ವಾರ ಇತ್ತು. ಸಂಜೆ ತಿಂಡಿಗೆ ಶಾವಿಗೆ ಉಪ್ಪಿಟ್ಟು ಮಾಡೋಣವೆಂದು, ಸ್ಟೇಷನ್ ಹತ್ತಿರದ ನಮ್ಮವರ ಅಂಗಡಿಯಿಂದ ತಂದ ಉದ್ದ ಶಾವಿಗೆಯ ಪ್ಯಾಕೆಟ್ ಬಿಚ್ಚಿ, ಒಂದು ಹಿಡಿ ಮುರಿದೆ. ಮೇಜಿನ ಹತ್ತಿರ ಹೋಮ್‌ವರ್ಕ್ ಮಾಡುತ್ತಿದ್ದ ಹುಡುಗಿ ಚೀರಿಕೊಂಡು ಬಂದು ಪ್ಯಾಕೆಟ್ ಕಿತ್ತುಕೊಂಡಳು. ಶಾವಿಗೆಯೆಲ್ಲ ನೆಲದ ಪಾಲಾಯಿತು. "ಏನೇ ಇದು ಹುಚ್ಚಾಟ!" ಎಂದು ಗದರಿಯೂಬಿಟ್ಟೆ. ಅವಳು ಮೊಣಕಾಲೂರಿ ಕೂತು, ಮುರಿಯದೆ ಉಳಿದ ಎಳೆಗಳನ್ನು ಹುಡುಕಿ ಹುಡುಕಿ ಎತ್ತಿಡುತ್ತಿದ್ದಳು. ಮುಖ ನೋಡಿದೆ. ನನ್ನ ಕೋಪವೆಲ್ಲ ಅಲ್ಲೇ ಇಳಿದುಹೋಯಿತು.

"ಅಜ್ಜಿ, ಐ ಡಿಡ್ ಇಟ್. ಐ ಬ್ರೋಕ್ ಮಾಮೀಸ್ ನೂಡಲ್ಸ್."

ಅವಳು ಇಂಗ್ಲಿಷಿನಲ್ಲಿ, ಬಿಕ್ಕುತ್ತ, ತುಂಡು ತುಂಡಾಗಿ ಹೇಳಿದ್ದನ್ನು ನನ್ನ ಮಾತಿನಲ್ಲಿ ಹೇಳುತ್ತೇನೆ. ಕಳೆದ ಜನವರಿಯಲ್ಲಿ ನಿನ್ನ ಹುಟ್ಟುಹಬ್ಬಕ್ಕೆ ಅಪ್ಪ ಮಗಳು ಸೇರಿ ನಿನಗೆ ಸ್ಪಗೆಟ್ಟಿ ಮಾಡಿಟ್ಟಿದ್ದರಲ್ಲ, ನೀನು ಆಸ್ಪತ್ರೆಯ ಡ್ಯೂಟಿ ಮುಗಿಸಿ ಬರುವಷ್ಟರಲ್ಲಿ? ಮಿಹಿರ್ ಫೋನಿನಲ್ಲಿ ಮಾತಾಡುತ್ತಿದ್ದನಂತೆ. ನೀರು ಕುದಿಯುತ್ತಿತ್ತಂತೆ. ಎಳೆಗಳು ಪಾತ್ರೆಯಿಂದ ಹೊರಗೆ ಚಾಚಿಕೊಂಡಿದ್ದವಂತೆ. ಅಜ್ಜಿ ಶಾವಿಗೆ ಮುರಿಯುವುದನ್ನು ನೋಡಿದ್ದವಳು ಹಾಗೇ ಮುರಿದು ಹಾಕಿದಳಂತೆ. ನೀನು ಬೇಡವೆನ್ನುತ್ತಿದ್ದದ್ದು ಆಮೇಲೆ ನೆನಪಾಯಿತಂತೆ. ಯಾರಿಗೂ ಹೇಳಲಿಲ್ಲ. ಮುಂದಿನ ತಿಂಗಳು ನೀನು ಕೆಲಸದಿಂದ ಬಂದು ಬಾಗಿಲಲ್ಲಿ ಷೂ ಬಿಚ್ಚುತ್ತ ಕುಸಿದೆ. ಮೆದುಳಿನ ರಕ್ತನಾಳ ಒಡೆದಿದೆ ಎಂದರು ಡಾಕ್ಟರು. ಎಲ್ಲರೂ ಅದನ್ನು ನಂಬಿದೆವು. ಅವಳೊಬ್ಬಳು ನಂಬಿರಲಿಲ್ಲ. ಅಂದಿನಿಂದ ಇಂದಿನವರೆಗೆ ಈ ಹುಡುಗಿ ತಾಯಿಯನ್ನು ತಾನೇ ಕೊಂದೆ ಎಂದುಕೊಂಡು ಬ್ಯಾಗ್ ಹೊತ್ತು ಸ್ಕೂಲಿಗೆ ಹೋಗಿ ಬರುತ್ತಿದ್ದಾಳೆ, ಮಾರಿಸೆಲ್.

ನಿನ್ನ ಹುಟ್ಟುಹಬ್ಬದ ಆ ಸಂಜೆ ನಾನೂ ಇವರೂ ಊಟಕ್ಕೆ ಬಂದಿದ್ದೆವು. ನೀನು ಮೊದಲ ತುತ್ತಿಗೆ ಫೋರ್ಕ್ ಹಾಕಿದೆ, ಎಳೆಗಳು ಸುತ್ತಿಕೊಳ್ಳದೆ ಜಾರಿದವು, ನೀನು ಮಗಳನ್ನು ನೋಡಿದೆ. ಫೋರ್ಕ್ ಪಕ್ಕಕ್ಕಿಟ್ಟು ಚಮಚ ಕೈಗೆತ್ತಿಕೊಂಡು, "ಬೆಸ್ಟ್ ಸ್ಪಗೆಟ್ಟಿ ಆಫ್ ಮೈ ಲೈಫ್" ಎಂದು ತಟ್ಟೆ ಖಾಲಿ ಮಾಡಿದೆ. ನನಗೆ ಆಗ ಅದೇನೂ ವಿಶೇಷ ಅನ್ನಿಸಲಿಲ್ಲ. ಈಗ ಅರ್ಥವಾಗುತ್ತದೆ. ನಿನಗೆ ಗೊತ್ತಾಗಿತ್ತು. ಗೊತ್ತಾಗಿದ್ದೂ ಅವಳಿಗೆ ಗೊತ್ತಾಗದ ಹಾಗೆ ತಿಂದೆ.

ಇದೆಲ್ಲ ಮೂಢನಂಬಿಕೆ ಪುಟ್ಟಿ ಎಂದು ಹೇಳಬಹುದಿತ್ತು. ಯಾವ ಬಾಯಲ್ಲಿ ಹೇಳಲಿ? ಮಂಗಳವಾರ ಉಗುರು ಕತ್ತರಿಸಿದರೆ ಅವಳನ್ನು ಬೈಯುವವಳು ನಾನು. ರಾಹುಕಾಲ ನೋಡಿ ಕಾರಿನ ಕೀ ಕೈಗೆತ್ತಿಕೊಳ್ಳುವವರು ನಿನ್ನ ಮಾವ. ಆದರೂ ಅವಳನ್ನು ತೊಡೆಯ ಮೇಲೆ ಕೂರಿಸಿಕೊಂಡು, ಡಾಕ್ಟರು ಹೇಳಿದ್ದನ್ನೆಲ್ಲ ಹೇಳಿದೆ. ಯಾರ ತಪ್ಪೂ ಅಲ್ಲ ಎಂದೆ. "ಐ ನೋ, ಅಜ್ಜಿ" ಎಂದಳು. ಇಲ್ಲಿಯ ಮಕ್ಕಳು ಮಾತು ಮುಗಿಸಬೇಕಾದಾಗ ಬಳಸುವ ಆ ಮರ್ಯಾದೆಯ ದನಿ ಇದೆಯಲ್ಲ, ಅದರಲ್ಲಿ.

ಈ ವರ್ಷ ಸ್ಪಗೆಟ್ಟಿ ಬೇಡ ಎಂದು ಮಿಹಿರ್ ಮೊದಲೇ ಹೇಳಿದ್ದ. "ಅಮ್ಮಾ, ಪಿಜ್ಜಾ ಆರ್ಡರ್ ಮಾಡಿದೀನಿ, ಫ್ರೆಂಡ್ಸ್ ಎಲ್ಲ ಬರ್ತಾರೆ. ಆ ವಾಸನೆ ನನ್ ಕೈಲಿ ಆಗಲ್ಲ" ಎಂದಿದ್ದ. ಅವನ ಸಂಕಟ ನನಗೆ ಅರ್ಥವಾಗುವುದಿಲ್ಲವೆ? ಆದರೆ ನೂಡಲ್ಸ್ ಇಲ್ಲದ ಹುಟ್ಟುಹಬ್ಬ ಕಳೆದರೆ ಅವಳು ಮನಸ್ಸಿನಲ್ಲಿ ಇನ್ನೂ ಏನೇನು ಕಟ್ಟಿಕೊಳ್ಳುತ್ತಾಳೋ ಎಂಬ ಭಯ ನನಗೆ. ಮಗನ ಮಾತು ಮೀರಿದೆ. ಹಿಲ್‌ಸೈಡ್ ಅವೆನ್ಯೂದಲ್ಲಿ ನೀನು ಹೋಗುತ್ತಿದ್ದ ಫಿಲಿಪೀನೊ ಅಂಗಡಿಗೆ ಕರೆದುಕೊಂಡು ಹೋಗಿ ಎಂದು ಇವರನ್ನು ಹೊರಡಿಸಿದೆ. ದಾರಿಯಲ್ಲಿ ಎಲ್ಲ ಹೇಳಿದೆ. ಇವರು ಅಂಗಡಿ ದಾಟಿಕೊಂಡು ಎಷ್ಟೋ ದೂರ ಹೋಗಿಬಿಟ್ಟರು. ನಾನೇ ತಿರುಗಿಸಿ ಎನ್ನಬೇಕಾಯಿತು. ಯಾವತ್ತೂ ಕಾರಿನಲ್ಲೇ ಕೂರುತ್ತಿದ್ದವರು ಅಂದು ಬುಟ್ಟಿ ಹಿಡಿದು ಹಿಂದೆಯೇ ಬಂದರು. ಮೀನಿನ ವಾಸನೆಗೆ ಮೂಗು ಮುಚ್ಚಲಿಲ್ಲ. "ಮಾರಿಸೆಲ್ ತರ್ತಿದ್ದ ಬಾಟ್ಲಿ ಇದೇನಾ?" ಎಂದು ಒಂದೊಂದನ್ನೇ ಎತ್ತಿ ತೋರಿಸಿದರು.

ಹುಟ್ಟುಹಬ್ಬದ ದಿನ, ಶನಿವಾರ ಬೆಳಿಗ್ಗೆ, ಕಿಯಾರಾ ನಮ್ಮಲ್ಲೇ ಇದ್ದಳು. ಸಾಸ್ ಮಾಡಿದೆ. ನಿನ್ನ ಅಳತೆ ನನಗೆ ಗೊತ್ತಿಲ್ಲ, ನಾಲಿಗೆಯ ನೆನಪಿನ ಮೇಲೆ ಮಾಡಿದ್ದು. ದೊಡ್ಡ ಪಾತ್ರೆಯಲ್ಲಿ ಉದ್ದ ಎಳೆಗಳನ್ನು ನಿಲ್ಲಿಸಿದೆ. ಅವು ತಾವಾಗಿ ಬಾಗಿ ನೀರಿಗಿಳಿಯುವವರೆಗೆ ಅವಳು ಉಸಿರು ಹಿಡಿದು ಕಾದಳು. ಆಮೇಲೆ ನಾನು ಇನ್ನೊಂದು ಚಿಕ್ಕ ಪಾತ್ರೆ ಇಟ್ಟು, ಅವಳ ಕೈಗೆ ಒಂದು ಹಿಡಿ ಕೊಟ್ಟು, "ಇದನ್ನ ಮುರಿ. ಇದು ಅಜ್ಜೀದು. ಅಜ್ಜಿಗೆ ಏನೂ ಆಗಲ್ಲ, ನೋಡ್ತಿರು" ಎಂದೆ. ಬಹಳ ಜಾಣತನದ ಉಪಾಯ ಎಂದುಕೊಂಡಿದ್ದೆ. ಮಗು ಬಿಳುಚಿಕೊಂಡಿತು. ಸ್ಪಗೆಟ್ಟಿಯನ್ನು ಮೆಲ್ಲಗೆ ಕೌಂಟರಿನ ಮೇಲಿಟ್ಟು ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಂಡು ಗೋಡೆಗೆ ಒರಗಿತು. ಏನು ಮಾಡಿಬಿಟ್ಟೆ ನಾನು ಎನ್ನಿಸಿತು.

ಆಗ ಇವರು ಪೂಜೆ ಮುಗಿಸಿ, ಪಂಚೆಯಲ್ಲೇ ಒಳಗೆ ಬಂದರು. ಸ್ಪಗೆಟ್ಟಿ ಎತ್ತಿಕೊಂಡು ಲಟಕ್ಕನೆ ಮುರಿದರು. ಮತ್ತೆ ಜೋಡಿಸಿ ಇನ್ನೊಮ್ಮೆ ಮುರಿದರು. "ಇದು ನಂದು. ನಾನು ಹುಟ್ಟಿದಾಗಿಂದ ಪ್ರತಿ ಬರ್ತ್‌ಡೇಗೂ ಮುರಿದ ಶಾವಿಗೇನೇ ತಿಂದಿರೋದು, ಪುಟ್ಟಾ. ಸೆವೆಂಟಿ ಸಿಕ್ಸ್. ಸ್ಟಿಲ್ ಡ್ರೈವಿಂಗ್!" ಎಂದು, ಅದು ಬೆಂದ ಮೇಲೆ, ಇಷ್ಟು ವರ್ಷ ಮುಟ್ಟದ ತಿನಿಸನ್ನು ತಟ್ಟೆ ತುಂಬ ಹಾಕಿಸಿಕೊಂಡು ಕೂತರು. ಅವಳು ಎದುರು ಕುರ್ಚಿಯಲ್ಲಿ ಕೂತು ಪ್ರತಿ ತುತ್ತೂ ಗಂಟಲಲ್ಲಿ ಇಳಿಯುವುದನ್ನು ನೋಡಿದಳು. ಇವರು ಎರಡನೇ ಸಲ ಹಾಕಿಸಿಕೊಂಡರು. "ತೀರ್ಮಾನ ಆಯ್ತು ಶೈಲೂ. ಇದು ಪಾಯಸಾನೇ" ಎಂದು ಎದ್ದು ಕೈ ತೊಳೆಯಲು ಹೋದವರು ಬಹಳ ಹೊತ್ತು ನಲ್ಲಿ ನಿಲ್ಲಿಸಲಿಲ್ಲ.

ಕಿಯಾರಾ ತನ್ನ ಉದ್ದ ಎಳೆಗಳನ್ನು ತಿಂದಳು, ಮೂಗಿಗೆಲ್ಲ ಸಾಸ್ ಮಾಡಿಕೊಂಡು. ನಿನ್ನ ಹಾಗೆ ಆಗಿಲ್ಲವಂತೆ. ಹತ್ತಿರ ಹತ್ತಿರ ಬಂದಿದೆಯಂತೆ. ಅವಳನ್ನು ಕರೆದೊಯ್ಯಲು ಬಂದ ಮಿಹಿರ್ ಬಾಗಿಲಲ್ಲೇ ನಿಂತ. ಬೈಯುತ್ತಾನೆ ಎಂದುಕೊಂಡೆ. ಸೀದಾ ಒಲೆಯ ಹತ್ತಿರ ಬಂದು ಪಾತ್ರೆಯಿಂದಲೇ ಎರಡು ತುತ್ತು ತಿಂದು, ಫ್ರಿಜ್ಜಿನ ಕಡೆ ಮುಖ ಮಾಡಿಕೊಂಡು ನಿಂತ. ನಾನು ಬೆನ್ನು ಸವರಿದೆ, ಅಷ್ಟೇ.

ಮಾರನೆಯ ದಿನ ಬೆಳಕು ಹರಿಯುವಾಗ ಫೋನ್ ಬಂತು. ಕಿಯಾರಾ. "ಅಜ್ಜಿ, ಈಸ್ ತಾತ ಅಪ್?" ಸ್ನಾನ ಮಾಡ್ತಿದಾರೆ ಪುಟ್ಟಿ ಎಂದೆ. "ಓಕೆ, ಬೈ." ಮರುದಿನವೂ ಅದೇ ಹೊತ್ತಿಗೆ, ಅದೇ ಪ್ರಶ್ನೆ. ಅದರ ಮರುದಿನವೂ ಕೇಳಿದಾಗ ನನಗೆ ಹೊಳೆಯಿತು. ಅವಳು ತಾತ ಬದುಕಿದ್ದಾರೋ ಇಲ್ಲವೋ ಎಂದು ನೋಡುತ್ತಿದ್ದಾಳೆ. ಮುರಿದ ಸ್ಪಗೆಟ್ಟಿ ತಿಂದವರು ಬೆಳಿಗ್ಗೆ ಏಳುತ್ತಾರೋ ಇಲ್ಲವೋ ಎಂದು.

ಆಮೇಲೆ ಒಂದು ದಿನವೂ ತಪ್ಪಿಲ್ಲ. ಮಗಳಿಗೆ ತಾತನ ಮೇಲೆ ಪ್ರೀತಿ ಉಕ್ಕಿದೆ ಎಂದು ಮಿಹಿರನಿಗೆ ಸಂತೋಷ. ಇವರಿಗೆ ವಿಷಯ ಹೇಳಿದೆ. ಅಂದಿನಿಂದ ಬಿಪಿ ಮಾತ್ರೆಗೆ ನಾನು ಬೆನ್ನು ಬೀಳಬೇಕಾಗಿಲ್ಲ. ಚಳಿಯಲ್ಲೂ ಜಾಕೆಟ್ ಏರಿಸಿಕೊಂಡು ಬ್ಲಾಕ್ ಸುತ್ತಿ ಬರುತ್ತಾರೆ. ತುಪ್ಪದ ಡಬ್ಬಿಯನ್ನು ತಾವೇ ಮೇಲಿನ ಶೆಲ್ಫಿಗೆ ಇಟ್ಟಿದ್ದಾರೆ. ಫೋನ್ ಬರುವ ಮೊದಲೇ ಎದ್ದು, ಹಲ್ಲುಜ್ಜಿ, ಅದರ ಪಕ್ಕ ಕೂತಿರುತ್ತಾರೆ. ನಿನ್ನೆ ಕಾಫಿ ಕುಡಿಯುತ್ತ, "ಇನ್ನು ನಂಗೆ ಸಾಯೋ ಹಾಗಿಲ್ಲ ಕಣೇ ಶೈಲೂ" ಎಂದು ನಕ್ಕರು. ಆಮೇಲೆ ನಗಲಿಲ್ಲ.

ವಯಸ್ಸು ನಮ್ಮ ಮಾತು ಕೇಳುವುದಿಲ್ಲ. ಒಂದು ಬೆಳಿಗ್ಗೆ ಇವರು ಏಳದೆ ಹೋದರೆ ಆ ಹುಡುಗಿಗೆ ಖಾತ್ರಿಯಾಗಿಬಿಡುತ್ತದೆ. ಆಮೇಲೆ ಯಾವ ಡಾಕ್ಟರು, ಯಾವ ಅಜ್ಜಿ ಹೇಳಿದರೂ ಅವಳು ನಂಬುವುದಿಲ್ಲ. ನಾವು ಮಾಡಿದ್ದು ಸರಿಯೋ ತಪ್ಪೋ ನನಗೆ ತಿಳಿಯುತ್ತಿಲ್ಲ.

ಕಾಗದದ ಕೊನೆಗೆ ಹಿರಿಯರು ಕಿರಿಯರಿಗೆ ಆಶೀರ್ವಾದ ಬರೆಯಬೇಕು. ಆದರೆ ನಮಗಿಂತ ಮುಂಚೆ ನೀನು ಹೊರಟುಹೋದೆ, ಕ್ರಮವೇ ತಪ್ಪಿತು. ಅದಕ್ಕೆ ನಾನೇ ನಿನ್ನನ್ನು ಕೇಳುತ್ತಿದ್ದೇನೆ, ನೀನೇ ನಮ್ಮನ್ನು ಹರಸು. ಒಂದು ಬೆಳಿಗ್ಗೆ ಕಿಯಾರಾ ಫೋನ್ ಮಾಡುವುದನ್ನು ಮರೆಯಲಿ. ಗೆಳತಿಯರ ಗಲಾಟೆಯಲ್ಲೋ ನಿದ್ದೆಯಲ್ಲೋ ಮರೆತೇಹೋಗಲಿ. ಆ ದಿನದವರೆಗೆ ನಿನ್ನ ಮಾವನನ್ನು ನನ್ನ ಹತ್ತಿರ ಬಿಟ್ಟಿರು. ಆಮೇಲೆ ನಾನು ಏನೂ ಕೇಳುವುದಿಲ್ಲ.

ಫೋನ್ ಬರುತ್ತಿದೆ. ಅವಳದೇ. ಇವರು ಎದ್ದಿದ್ದಾರೆ, ಮಾರಿಸೆಲ್. ಇವತ್ತೂ ಎದ್ದಿದ್ದಾರೆ.

ನೆಮ್ಮದಿಯಾಗಿರು ಮಗಳೇ, ಇಲ್ಲಿಯದನ್ನು ನಾವು ನೋಡಿಕೊಳ್ಳುತ್ತೇವೆ.

ನಿನ್ನ ಮಾ,
ಶೈಲಜಾ