ಕೆಂಪು ಪೆನ್ಸಿಲಿನ ಹದಿನಾಲ್ಕು

ಸೆಪ್ಟೆಂಬರ್ 3, ಮಂಗಳವಾರ. ಬೆಳಿಗ್ಗೆ 7

ಹೊರಗೆ ಮಂಜು ಇನ್ನೂ ಕರಗಿಲ್ಲ. ಓಲ್ಡಾ ಎದ್ದಿದ್ದಾನೆ. ಕುಲುಮೆಯ ಕಿಂಡಿಗೆ ಕಣ್ಣಿಟ್ಟು ನಿಂತಿದ್ದಾನೆ. ನಲವತ್ತು ವರ್ಷದಿಂದ ನನ್ನ ಗಂಡ ಬೆಳಗಾದರೆ ಮೊದಲು ನೋಡುವುದು ಗಾಜಿನ ಮುಖ, ನನ್ನದಲ್ಲ.

ಚಪ್ಪಟೆ ಗಾಜನ್ನು ಕಬ್ಬಿಣದ ಅಚ್ಚಿನ ಮೇಲಿಟ್ಟು ಕಾಯಿಸುತ್ತಾನೆ. ಕಾದು ಕಾದು ಅದು ತನ್ನ ಭಾರಕ್ಕೆ ತಾನೇ ಬಾಗಿ ಅಚ್ಚಿನೊಳಗೆ ಇಳಿಯುತ್ತದೆ. ಆಮೇಲೆ ಒಂದೂವರೆ ದಿನ ಮುಚ್ಚಳ ಮುಟ್ಟುವಂತಿಲ್ಲ.

"ಮೆಲ್ಲಗೆ ಮಾತಾಡೇ ಝ್ಡೆನ್ಕಾ. ಈಗಷ್ಟೇ ಮಲಗಿದೆ."

"ಮೊಮ್ಮಗೂನಾ ಅದು?"

"ಮೊಮ್ಮಗು ಎದ್ರೆ ಅಳುತ್ತೆ ಅಷ್ಟೆ. ಇದು ಎದ್ರೆ ಒಡೆಯುತ್ತೆ."

ಆರ್ಡರ್ ಯಾವುದೂ ಇಲ್ಲ. ಯಾರಿಗೆ ಅಂತ ಕೇಳಿದರೆ "ಸುಮ್ನೆ" ಅಂದ. ಸುಮ್ಮನೆ! ಕರೆಂಟ್ ದರ ಈ ಮಟ್ಟಕ್ಕೆ ಏರಿರುವಾಗ…

ಸೆಪ್ಟೆಂಬರ್ 6

ಪೋಲೆಂಡಿನ ಝೆನೊನ್ ಕಾಗದ ಬರೆದಿದ್ದಾನೆ. ಹದಿನೇಳಕ್ಕೆ ಬಂದು ಕುಲುಮೆ ನೋಡುತ್ತಾನಂತೆ, ಒಪ್ಪಿದರೆ ಕೊಂಡು ಒಯ್ಯುತ್ತಾನಂತೆ. ಕರೆಸಿದವಳು ನಾನೇ. ಓಲ್ಡಾನಿಗೆ ಎಪ್ಪತ್ತೊಂದು, ಸೊಂಟ ಹಿಡಿಯುತ್ತದೆ. ಬಾಗಿದ ಗಾಜಿನ ಬೆಲೆ ಐದು ತ್ರೈಮಾಸಿಕದಿಂದ ಇಳಿಯುತ್ತಲೇ ಇದೆ. ಯಂತ್ರದಲ್ಲಿ ಬಾಗಿಸಿದ ಗಾಜು ಹಡಗು ತುಂಬ ಬರುವಾಗ ನಮ್ಮದು ಯಾರಿಗೆ ಬೇಕು?

ಬೇಡ ಅನ್ನಲಿಲ್ಲ ಅವನು. "ಸರಿ ಬಿಡು" ಅಂದ. ಆ "ಸರಿ ಬಿಡು" ಇಡೀ ದಿನ ಮನೆಯಲ್ಲಿ ಓಡಾಡುತ್ತಿತ್ತು. ಕುಲುಮೆ ಹೋದ ಮೇಲೆ ಬೆಳಿಗ್ಗೆ ಎದ್ದು ಎಲ್ಲಿ ನಿಲ್ಲುತ್ತಾನೆ ಇವನು? ಭಯವಾಗುತ್ತದೆ.

ಸೆಪ್ಟೆಂಬರ್ 8, ಭಾನುವಾರ. ಮಧ್ಯಾಹ್ನ

ಕುಲುಮೆ ಪಕ್ಕದ ಕುರ್ಚಿಯಲ್ಲಿ ಬಿಸುಪಿಗೆ ಜೊಂಪು ಹತ್ತಿತ್ತು. ಕನಸು. ನಾವು ಬಾಗಿಸಿ ಕಳಿಸಿದ ಗಾಜೆಲ್ಲ ಊರೂರುಗಳಿಂದ ನಡೆದು ವಾಪಸ್ ಬರುತ್ತಿದೆ — ಅಂಗಡಿಯದು, ಟ್ರಾಮಿನದು, ಯಾವುದೋ ಗೋಪುರದ್ದು. ಬಾಗಿಲಲ್ಲಿ ಸಾಲಾಗಿ ನಿಂತು ಒಳಗೆ ಇಣುಕಿದವು. ಕರೆಯೋಣ ಎನ್ನುವಷ್ಟರಲ್ಲಿ ಎಚ್ಚರ. ಎದುರಿಗೆ ಅಮ್ಮನ ಗಾಜಿನ ಅಲಮಾರಿ. ಅದರ ಬಾಗಿದ ಬಾಗಿಲಿನ ಗಾಜು ಒಡೆದು ಹನ್ನೊಂದು ವರ್ಷ. ರಟ್ಟು ಅಂಟಿಸಿದ್ದೇವೆ. ಗಾಜಿನವರ ಮನೆ!

ಸೆಪ್ಟೆಂಬರ್ 12

ಗಾಜಿನವರ ಸಂಘದ ತ್ರೈಮಾಸಿಕ ಬೆಲೆಪತ್ರಿಕೆ ಬಂತು. ಅಣಬೆ ಸೂಪ್ ಕುಡಿಯುತ್ತ ಎಂದಿನಂತೆ ಓದಿ ಹೇಳಿದೆ. ಹದಗೊಳಿಸಿದ ಗಾಜು ಸ್ವಲ್ಪ ಮೇಲೆ. ಕನ್ನಡಿ ಕೆಳಗೆ. ಅಂಚು ಉಜ್ಜಿದ ಗಾಜು ಇದ್ದಲ್ಲೇ. ಕೈಯಿಂದ ಬಾಗಿಸಿದ ಗಾಜು, ಸ್ವಿಟ್ಜರ್ಲೆಂಡಿಗೆ — ಕಿಲೋಗೆ ಸಾವಿರದ ಎಂಟುನೂರು ಕೊರುನಾ. ಹಿಂದಿನ ಸಲ ಆರುನೂರು ಚಿಲ್ಲರೆ. ಕೆಳಗೆ ಸಂಪಾದಕರ ಷರಾ ಬೇರೆ: "ಆಲ್ಪ್ಸ್ ಕಡೆಯಿಂದ ಹೊಸ ಬೇಡಿಕೆ ಕಾಣುತ್ತಿದೆ."

ಓಲ್ಡಾ ಚಮಚ ಕೆಳಗಿಟ್ಟ.

"ಇನ್ನೊಂದ್ಸಲ ಓದು."

ಓದಿದೆ. ಎದ್ದು ಹೋಗಿ ಕುಲುಮೆಯ ಮುಚ್ಚಳ ಒರೆಸಿದ.

ಸೆಪ್ಟೆಂಬರ್ 14

ಹಾಡುತ್ತಿದ್ದಾನೆ. ರಾಗ ತಪ್ಪು, ಪದ ತಪ್ಪು. ಎಷ್ಟು ವರ್ಷವಾಯಿತು ಇದನ್ನು ಕೇಳಿ… ಖುಷಿಯಾಯಿತು. ಪ್ಲಮ್ ಕಡುಬು ಮಾಡಿದೆ. ಹನ್ನೆರಡು ತಿಂದ.

ಸೆಪ್ಟೆಂಬರ್ 17

ಝೆನೊನ್ ಬಂದ. ಒಳ್ಳೆಯ ಮನುಷ್ಯ, ದೊಡ್ಡ ಮೀಸೆ. ಕುಲುಮೆ ಸುತ್ತ ಎರಡು ಸುತ್ತು ಹಾಕಿದ.

"ಯಜಮಾನ್ರೇ, ಯಾವಾಗ ಲಾರಿ ಕಳಿಸ್ಲಿ?"

"ಕಳಿಸ್ಬೇಡಿ. ಬೆಲೆಪತ್ರಿಕೆ ನೋಡಿಲ್ವಾ? ಮೂರು ಪಟ್ಟು! ಇಂಥ ಹೊತ್ತಲ್ಲಿ ಯಾರಾದ್ರೂ ಕುಲುಮೆ ಮಾರ್ತಾರಾ?"

ಝೆನೊನ್ ನನ್ನ ಮುಖ ನೋಡಿದ. ನಾನು ಕಾಫಿ ಬಗ್ಗಿಸುವುದರಲ್ಲಿ ಮುಳುಗಿದೆ.

"ಮೂವತ್ತನೇ ತಾರೀಕಿನವರೆಗೂ ಕಾಯ್ತೀನಿ. ಮನಸ್ಸು ಬದಲಾದ್ರೆ ಒಂದು ಫೋನ್ ಹಾಕಿ" ಅಂದು ಹೊರಟ.

ಸೆಪ್ಟೆಂಬರ್ 19. ಬೆಳಿಗ್ಗೆ 10

ಅಕ್ಷರ ನೆಟ್ಟಗಿಲ್ಲ.

ಸ್ವಿಟ್ಜರ್ಲೆಂಡಿಗೆ ಕೈಯಿಂದ ಬಾಗಿಸಿದ್ದನ್ನು ಕಳಿಸುವವರು ಇನ್ನು ಯಾರು ಎಂದು ಯೋಚಿಸುತ್ತ ಫೈಲ್ ತೆಗೆದೆ. ಯಾರೂ ಇಲ್ಲ. ನಾವೇ. ಮೇ ತಿಂಗಳಲ್ಲಿ ಬಾಸೆಲ್‌ನ ಮುದುಕಿಯೊಬ್ಬಳ ಗಿಡ ಬೆಳೆಸುವ ಗಾಜಿನ ಮನೆಗೆ ಮೂರು ಗಾಜು. ಕಸ್ಟಮ್ಸ್ ಫಾರಂ ತುಂಬಿದವಳು ನಾನು. ತೂಕ ಎಂಬಲ್ಲಿ — 14.

ನಮ್ಮಲ್ಲಿ ಪ್ರತಿ ಗಾಜಿನ ಮೇಲೂ ಅದರದರ ತೂಕವನ್ನು ಕೆಂಪು ಮೇಣದ ಪೆನ್ಸಿಲಿನಲ್ಲಿ ಬರೆಯುತ್ತೇವೆ. ಎತ್ತುವ ಮೊದಲು ಇಬ್ಬರಿಗೂ ಗೊತ್ತಿರಬೇಕಲ್ಲ. ಆ ಹದಿನಾಲ್ಕನ್ನೇ ನೋಡಿ ಬರೆದುಬಿಟ್ಟಿದ್ದೇನೆ. ಅದು ಒಂದರ ತೂಕ. ಬೆಲೆ ಮಾತ್ರ ಮೂರರದ್ದು. ಸಂಘದವರು ಕಿಲೋ ದರ ಲೆಕ್ಕ ಹಾಕುವುದು ಇದೇ ಫಾರಂಗಳಿಂದ.

ಆಲ್ಪ್ಸ್ ಕಡೆಯ ಹೊಸ ಬೇಡಿಕೆ ನಾನು!

ಹಿತ್ತಲಲ್ಲಿ ಅವನು ಹಾಡುತ್ತಿದ್ದಾನೆ.

ಸೆಪ್ಟೆಂಬರ್ 20

ಕಸ್ಟಮ್ಸ್ ಕಚೇರಿಗೆ ತಿದ್ದುಪಡಿ ಕಳಿಸಿದೆ. ಡಿಸೆಂಬರ್ ಪತ್ರಿಕೆಯಲ್ಲಿ ಬೆಲೆ ಆರುನೂರಕ್ಕೆ ಬಂದು ಕೂರುತ್ತದೆ. ಓಲ್ಡಾನಿಗೆ ಇವತ್ತೇ ಹೇಳಬೇಕು.

ಸೆಪ್ಟೆಂಬರ್ 21

ಹೇಳಲಿಲ್ಲ.

ಸೆಪ್ಟೆಂಬರ್ 26

ಮತ್ತೆ ಕುಲುಮೆ ಹಚ್ಚಿದ್ದಾನೆ. ಕಿಂಡಿಯಲ್ಲಿ ಕಿತ್ತಳೆ ಬೆಳಕು. ನಾನೂ ನೋಡಿದೆ. ಗಾಜು ಮೆಲ್ಲಗೆ, ಬಹಳ ಮೆಲ್ಲಗೆ ಸೋಲುತ್ತಿತ್ತು. ಮಾತು ಬಾಯಿಗೆ ಬಂದಿತ್ತು. "ಶ್…" ಅಂದ. ನುಂಗಿಕೊಂಡೆ. ನಾಚಿಕೆ ನನಗೆ.

ಸೆಪ್ಟೆಂಬರ್ 28, ಶನಿವಾರ. ಬೆಳಿಗ್ಗೆ 9

ಮುಚ್ಚಳ ತೆಗೆದ. ಒಂದೇ ಗಾಜು. ಗುಳ್ಳೆಯಿಲ್ಲ, ಸುಕ್ಕಿಲ್ಲ. ತೂಗಿ, ಕೆಂಪು ಪೆನ್ಸಿಲಿನಲ್ಲಿ ಬರೆದು, "ನೋಡು ಬಾ" ಎಂದು ಕರೆದ.

ಗಾಜಿನ ಮೇಲಿತ್ತು: "9 ಕಿಲೋ. ಇದೊಂದರದ್ದು ಮಾತ್ರ."

ಸ್ಟೂಲು ಎಳೆದುಕೊಂಡು ಕೂತೆ.

"ಯಾವಾಗ ಗೊತ್ತಾಯ್ತು?"

"ಸೂಪ್ ಕುಡೀವಾಗ್ಲೇ. ಗಾಜು ಮೂರು, ಬೆಲೆ ಮೂರು ಪಟ್ಟು. ಆ ಹದಿನಾಲ್ಕು ಬರೆದವನು ನಾನಲ್ವೇನೆ?"

"ಮತ್ತೆ ಝೆನೊನ್ ಮುಂದೆ ಯಾಕೆ ಅಷ್ಟು ಕೊಚ್ಚಿಕೊಂಡೆ?"

"ಕರೆಸಿದವಳು ನೀನು. ಕೊಡೋಕೆ ಮನಸ್ಸಿಲ್ಲ ಅಂತ ನಿನ್ನೆದುರು ಹೇಗೆ ಹೇಳೋದು? ಬೆಲೆ ಏರಿದೆ ಅಂದ್ರೆ ಯಾರೂ ಮರುಪ್ರಶ್ನೆ ಹಾಕಲ್ಲ. ಒಂದು ನೆಪ ಸಿಕ್ತು, ಹಿಡ್ಕೊಂಡೆ."

ಸಿಟ್ಟು ಬಂತು. ಒಂಬತ್ತು ದಿನ ಒಬ್ಬಳೇ ಬೆಂದಿದ್ದೆ. ಆಮೇಲೆ ನಗು ಬಂತು, ಅಳುವೂ. ಅವನ ಹಳೇ ಟೋಪಿಯಲ್ಲೇ ಮುಖ ಒರೆಸಿಕೊಂಡೆ.

"ಸೋಮವಾರದವರೆಗೂ ಕಾಯ್ತಾನೆ ಝೆನೊನ್" ಅಂದ. "ನೀನು ಹೇಳು. ಫೋನ್ ಮಾಡ್ಲಾ?"

"ಮೊದಲು ಇದು ಯಾರಿಗೆ ಹೇಳು."

ಅಲಮಾರಿಯ ರಟ್ಟಿನ ಕಡೆ ಕೈ ತೋರಿಸಿದ. ಈ ತಿಂಗಳ ಮೊದಲ ಗಾಜೂ ಅದಕ್ಕೇ ಅಂತೆ, ಅಳತೆಗೆ ಕೂರಲಿಲ್ಲವಂತೆ.

ಅಡುಗೆಮನೆಗೆ ಓಡಿ ಬಂದು ಇಷ್ಟು ಬರೆದೆ. ಫೋನ್ ಬೇಡ ಅಂತ ಇನ್ನೂ ಬಾಯಿಬಿಟ್ಟು ಹೇಳಿಲ್ಲ. ರಟ್ಟು ಆಗಲೇ ಕಿತ್ತುಹಾಕಿದ್ದಾನೆ, ಸದ್ದು ಕೇಳಿತು. ಈಗ ಕರೆಯುತ್ತಿದ್ದಾನೆ — "ಝ್ಡೆನ್ಕಾ, ಆ ತುದಿ ಹಿಡಿ ಬಾರೇ!" ಒಂಬತ್ತೇ ಕಿಲೋ. ಅವನೊಬ್ಬನೇ ಎತ್ತಬಲ್ಲ. ಆದರೂ ಕರೆಯುತ್ತಿದ್ದಾನೆ. ಬಂದೆ, ಈಗ